ನನ್ನ ಓಟಿಪಿ ಅವನ ಮೊಬೈಲಿಗೆ

ಪ್ರೀತಿ ಮುರಿದರೆ ಹಸಿವಾಗುವುದಿಲ್ಲ, ನಿದ್ದೆ ಬರುವುದಿಲ್ಲ ಎನ್ನುತ್ತಾರೆ. ನನಗೆ ಹಸಿವೂ ಆಗುತ್ತಿತ್ತು, ನಿದ್ದೆಯೂ ಬರುತ್ತಿತ್ತು. ಬರದೇ ಇದ್ದದ್ದು ಓಟಿಪಿ ಮಾತ್ರ. ಅದು ಭಾಲ್ಕಿಯಲ್ಲಿರುವ ಸಂತೋಷನ ಮೊಬೈಲಿಗೆ ಹೋಗುತ್ತಿತ್ತು.

ತಪ್ಪು ನನ್ನದೇ. ಔರಾದ ಕಡೆಯ ನಮ್ಮ ಮನೆತನದಲ್ಲಿ ಬಿ.ಎ. ಮಾಡಿದವಳು ನಾನೇ ಮೊದಲು. ಈ ಮಾತನ್ನು ಸಂದರ್ಭವಿಲ್ಲದೆಯೂ ಹೇಳುತ್ತೇನೆ. ಕಾಲೇಜಿನಲ್ಲಿ ನನ್ನ ಬಳಿ ಫೋನಿರಲಿಲ್ಲ, ಸಹಪಾಠಿ ಸಂತೋಷನ ಬಳಿ ಇತ್ತು. ಸ್ಕಾಲರ್‌ಶಿಪ್ಪು, ಆಧಾರ್, ಬ್ಯಾಂಕು, ಕೊನೆಗೆ ಗ್ಯಾಸಿಗೂ ಅವನ ನಂಬರನ್ನೇ ಬರೆದೆ. ಹೇಗೂ ಮದುವೆಯಾಗುವವರು, ಮನೆಗೊಂದು ನಂಬರು ಸಾಕೆಂಬ ದೂರದೃಷ್ಟಿ. ಆಮೇಲೆ ನನ್ನದೇ ಫೋನು ಬಂದರೂ ಅದನ್ನು ಬದಲಿಸಲಿಲ್ಲ. ಮುಂದೆ ಅವನು ಮನೆಯವರು ತೋರಿಸಿದ ಹುಡುಗಿಗೆ ಹೂಂ ಎಂದ. ನಾನು ಫೋಟೋಗಳನ್ನು ಅಳಿಸಿ, ಅವನ ದನಿ ಇನ್ನು ಕೇಳಬಾರದೆಂದು ಆಣೆ ಮಾಡಿದೆ.

ಆಣೆ ಒಂಬತ್ತು ದಿನ ನಡೆಯಿತು. ಹತ್ತನೆಯ ದಿನ ಬೀದರಿನ ಮೈಲೂರಿನಲ್ಲಿರುವ ನನ್ನ ಕೋಣೆಗೆ ಸಿಲಿಂಡರ್ ಹೊತ್ತವನು ಬಂದು, "ನಂಬರ ಹೇಳ್ರಿ ಅಕ್ಕೋರೆ, ಇನ್ನಾ ಹದಿನೆಂಟ ಮನಿ ಅದಾವ" ಎಂದು ನಿಂತ. ಫೋನ್ ಮಾಡಲೇಬೇಕಾಯಿತು. ನೀನು ಎನ್ನುತ್ತಿದ್ದವನನ್ನು ದೂರವಿಡಲು ರೀ ಹಚ್ಚಿದೆ.

"ಗ್ಯಾಸಿನ ನಂಬರ ಬಂದಿರಬೇಕು, ಹೇಳ್ರಿ."

"ಬಂದದ. ಒಬ್ಬಾಕೀನೇ ಇದ್ದು ಅಷ್ಟೇನ ಅಡಗಿ ಮಾಡ್ತಿ? ಇಷ್ಟ ಲಗೂ ಮುಗೀತು?"

"ಅದನ್ನ ಹೇಳ್ಲಾಕ ಫೋನ್ ಮಾಡಿಲ್ರಿ."

"ಮೊದಲ ಆ ರೀ ತಗಿ."

ತೆಗೆಯಲಿಲ್ಲ, ಸಿಲಿಂಡರಿನವನೇ ಫೋನು ಕಸಿದು ನಂಬರು ಕೇಳಿಕೊಂಡ. ಮುಂದೆಯೂ ಹೀಗೇ. ದುಃಖ ಮರೆಯಲು ಸೀರೆ ತರಿಸಿದರೂ ಸುದ್ದಿ ಮೊದಲು ಭಾಲ್ಕಿಗೆ ಹೋಗುತ್ತಿತ್ತು. ಅವನ ಮದುವೆಯಾದ ಮೇಲೊಮ್ಮೆ ಹೆಂಡತಿ ಫೋನೆತ್ತಿದಳು.

"ಯಾರ್ರಿ?"

"ಗ್ಯಾಸಿನಾಕಿರಿ" ಎಂದೆ.

"ಬರಕೊಳ್ರಿ ಅಕ್ಕ" ಎಂದು ನಿಧಾನವಾಗಿ ಎರಡು ಸಲ ಓದಿ ಹೇಳಿದಳು. ಜಗಳಾಡಿದ್ದರೆ ಸಹಿಸುತ್ತಿದ್ದೆ, ಆ ಒಳ್ಳೆಯತನವನ್ನು ಸಹಿಸಲಾಗಲಿಲ್ಲ.

ಮರುದಿನವೇ ಆಧಾರ್ ಕೇಂದ್ರಕ್ಕೆ ಹೋದೆ. ಹತ್ತು ನಿಮಿಷದ ಕೆಲಸ. ಎಂಟು ತಿಂಗಳು ಯಾಕೆ ಮುಂದೂಡಿದ್ದೆ ಎಂದು ಯಾರೂ ಕೇಳದಿರಲಿ. ಬಿ.ಎ. ಆದವಳು ಹೆಬ್ಬೆಟ್ಟು ಒತ್ತಿದೆ. ಕಂಪ್ಯೂಟರಿನ ಮುಂದಿದ್ದ ಚಾಚಾ, "ಹೊಸಾ ನಂಬರ ಹೇಳು ಬೇಟಿ" ಎಂದರು. ಪಟಪಟನೆ ಹತ್ತು ಅಂಕಿ ಹೇಳಿದೆ.

ಚಾಚಾ ಪರದೆ ನೋಡಿದರು, ನನ್ನನ್ನು ನೋಡಿದರು. "ಈ ನಂಬರ ಮೊದಲಿಂದೇ ಇದರಾಗ ಅದ. ಮತ್ತ ಯಾಕ ಬಂದಿ?"

ತೆಪ್ಪಗೆ ಫೋನು ತೆಗೆದು, ನನ್ನ ನಂಬರನ್ನು ನೋಡಿ ಓದಿದೆ. ಈಗ ದಿನಾ ಹಲ್ಲುಜ್ಜುತ್ತ ಅದನ್ನು ಬಾಯಿಪಾಠ ಮಾಡುತ್ತೇನೆ. ಆರು ಅಂಕಿಯವರೆಗೆ ಸರಿಯಾಗಿ ಬರುತ್ತದೆ. ಏಳನೆಯದಕ್ಕೆ ನಾಲಿಗೆ ಭಾಲ್ಕಿ ಕಡೆ ತಿರುಗುತ್ತದೆ.