ಏಳನೆಯ ಸ್ಥಾಪಕರ ಪರವಾಗಿ ನಾನು ಹೂಡಿದ ದಾವೆ

ಜುಲೈ ಹದಿನಾಲ್ಕು, ಸೋಮವಾರ, ಬೆಳಿಗ್ಗೆ ಹನ್ನೊಂದೂ ಇಪ್ಪತ್ತು. ಆಧಾರ: ನನ್ನ ದಿನಚರಿ, ಅಡುಗೆಮನೆಯ ಕ್ಯಾಲೆಂಡರಿನೊಡನೆ ತಾಳೆ ನೋಡಲಾಗಿದೆ. ಮಲಾಡಿನ ನಮ್ಮ ಸಹಕಾರಿ ಬ್ಯಾಂಕಿನ ಗೋಡೆಗೆ, ಮುಂದೆ ಕೆತ್ತಿಸಲಿರುವ ಕಲ್ಲಿನ ಫಲಕದ ಕರಡನ್ನು ಅಂಟಿಸಿದ್ದರು. ಸ್ಥಾಪಕರು ಆರು ಮಂದಿ. ನನ್ನ ಮಾವನವರ ಹೆಸರಿಲ್ಲ!

ಬ್ಯಾಂಕು ಹುಟ್ಟಿದ್ದು ಕುರ್ಲಾದ ಒಂದು ಚಾಳಿನಲ್ಲಿ, ಅಂದರೆ ವಠಾರದಲ್ಲಿ, ಏಳು ಮಂದಿ ಸೇರಿದ ಒಂದು ಭಾನುವಾರ. ಆಡಳಿತ ಮಂಡಳಿಯಾದರೋ ಅದರ ಮರುವಾರದ ಸಭೆಯನ್ನೇ ಮೊದಲನೆಯದೆಂದು ಎಣಿಸಿತ್ತು. ಆ ವಾರ ಮಾವನವರಿಗೆ ಜ್ವರ. ಮೊದಲ ಸಭೆಯ ಹಾಜರಿ ಹಾಳೆ, ಏಳೂ ಸಹಿಗಳ ಸಮೇತ, ನಮ್ಮ ಮನೆಯ ಟ್ರಂಕಿನಲ್ಲಿದೆ.

"ಅಪ್ಪನ ಹೆಸರು ಕಲ್ಲಿನ ಮೇಲೆ ಬರ್ಲೇಬೇಕು ರೀ," ಎಂದಳು ನನ್ನ ಪತ್ನಿ ಪದ್ಮಾ. "ಆ ಹಾಳೆ ತಗೊಂಡ್ಹೋಗಿ ತೋರ್ಸಿ, ಸಾಕು."

"ಬರಿಯ ಹಾಳೆಯೇ? ಪೀಠಿಕೆ ಬೇಡವೇ?"

ಹಾಳೆಯನ್ನು ಮನೆಯಲ್ಲೇ ಬಿಟ್ಟು, ಪೀಠಿಕೆಯೊಡನೆ ಬ್ಯಾಂಕಿಗೆ ಹೋದೆ. ಮ್ಯಾನೇಜರ್ ಪಾಟೀಲರು ವಿಜಯಪುರದ ಕಡೆಯವರು. "ರಾಯರೇ, ಇದು ಮಂಡಳಿ ಠರಾವು. ಜನರಲ್ ಬಾಡಿ ಮುಂದ ಹೇಳ್ರಿ, ಬದಲ್ ಆಗ್ತೈತಿ."

"ಇತಿಹಾಸವನ್ನು ಕೈಯೆತ್ತಿ ನಿರ್ಧರಿಸುವುದೇ? ನ್ಯಾಯಾಲಯದಲ್ಲಿ ಭೇಟಿಯಾಗೋಣ!"

"ಆಗಲ್ರಿ. ಚಾ ಆದ್ರೂ ಕುಡದ್ ಹೋಗ್ರಿ."

ಕುಡಿದೆ.

ವಕೀಲರನ್ನು ಗೊತ್ತುಮಾಡಲಿಲ್ಲ, ಅವರು ಅಡಿಟಿಪ್ಪಣಿ ಬರೆಯುವುದಿಲ್ಲ. ನೂರ ಹನ್ನೆರಡು ಪುಟಗಳ ಅರ್ಜಿಯನ್ನು ಇತಿಹಾಸದ ನಿವೃತ್ತ ಅಧ್ಯಾಪಕನಾದ ನಾನೇ ರಚಿಸಿದೆ. ಆ ಭಾನುವಾರ ನಿಜಕ್ಕೂ ಭಾನುವಾರವೇ ಆಗಿತ್ತೆಂದು ಮೂರು ಪಂಚಾಂಗಗಳಿಂದ ಸಾಧಿಸಿದೆ. ಅದನ್ನು ಯಾರೂ ಅಲ್ಲಗಳೆದಿರಲಿಲ್ಲ! ಟಪಾಲಿನಲ್ಲಿ ಬಂದ ಕಾಗದಗಳ ಖಾಲಿ ಬೆನ್ನಿನ ಮೇಲೆ ಟಿಪ್ಪಣಿ ಬರೆಯುವುದು ನನ್ನ ಹಳೆಯ ಅಭ್ಯಾಸ. ಅಡಿಟಿಪ್ಪಣಿಗಳಾಗಿ ಆ ಕೈಬರಹದ ಮೂಲವನ್ನೇ ಲಗತ್ತಿಸಿದೆ.

ವಿಚಾರಣೆಯ ದಿನ ನ್ಯಾಯಾಧೀಶರು ಕೇಳಿದರು: "ಬ್ಯಾಂಕಿನವರು ಯಾವುದಾದರೂ ಕಾನೂನು ಮುರಿದಿದ್ದಾರೆಯೇ?"

"ಇಲ್ಲ, ಸ್ವಾಮಿ. ತಾರೀಖಿನಲ್ಲಿ ತಪ್ಪಿದ್ದಾರೆ!"

"ನಿಮ್ಮ ಮತದ ಹಕ್ಕು ಕಸಿದಿದ್ದಾರೆಯೇ?"

"ಇಲ್ಲ."

"ಸದಸ್ಯರ ಸಭೆಯ ಮುಂದೆ ಹೋಗಿದ್ದಿರಾ?"

"ಅಂಥ ಸಭೆಯ ನೋಟೀಸೇ ನನಗೆ ತಲುಪಿಲ್ಲ," ಎಂದೆ ಗಂಭೀರವಾಗಿ.

ಅವರು ಪುಟ ತಿರುವಿದರು. ಕನ್ನಡಕ ಸರಿಪಡಿಸಿಕೊಂಡರು. "ನಿಮ್ಮ ನಲವತ್ತೊಂದನೆಯ ಅಡಿಟಿಪ್ಪಣಿಯ ಬೆನ್ನಿಗೆ ಇರುವುದೇನು?"

ಸಭೆಯ ನೋಟೀಸು! ಸದಸ್ಯರು ತಮ್ಮ ಠರಾವುಗಳನ್ನು ಸಲ್ಲಿಸಲು ಕಡೆಯ ದಿನ, ಅಂದೇ. ಸಂಜೆ ಐದರೊಳಗೆ.

ತೀರ್ಪು ಹೀಗಿತ್ತು: ಫಲಕದಲ್ಲಿ ಯಾರ ಹೆಸರಿರಬೇಕೆಂಬುದು ಸದಸ್ಯರು ತೀರ್ಮಾನಿಸತಕ್ಕ ವಿಷಯ. ನ್ಯಾಯಾಲಯವು ಬ್ಯಾಂಕಿನ ಕುರ್ಚಿಯಲ್ಲಿ ಕುಳಿತು ಒಳಾಡಳಿತ ನಡೆಸಲಾರದು. ನೂರ ಹನ್ನೆರಡು ಪುಟಗಳಿಗೆ ಉತ್ತರ ನಾಲ್ಕು ನಿಮಿಷ!

ಚರ್ಚ್‌ಗೇಟಿನಲ್ಲಿ ಸಿಕ್ಕಿದ ಲೋಕಲ್ ಹತ್ತಿದೆ. ಅದು ಫಾಸ್ಟ್. ಮಲಾಡ್ ನನ್ನ ಕಣ್ಣೆದುರೇ ಹಿಂದಕ್ಕೆ ಓಡಿತು. ಬೊರಿವಲಿಯಲ್ಲಿ ಇಳಿದು, ಮರಳಿ, ಏದುಸಿರು ಬಿಡುತ್ತ ಬ್ಯಾಂಕು ತಲುಪಿದಾಗ ಐದೂ ಹತ್ತು.

"ಗಾಬರಿ ಆಗಬ್ಯಾಡ್ರಿ ಸರ್," ಎಂದರು ಪಾಟೀಲರು. "ನಿಮ್ಮ ಮನಿಯವ್ರು ನಿನ್ನೇನ ಠರಾವು ಕೊಟ್ಟ್ ಹೋಗ್ಯಾರಲ್ರಿ!"

ತಂದೆಯ ಷೇರು ಪದ್ಮಾಳ ಹೆಸರಿಗೆ ಬಂದಿದ್ದರಿಂದ ಅವಳಿಗೂ ಒಂದು ನೋಟೀಸು ಬಂದಿತ್ತು. ಅವಳು ಅದರ ಮುಂಬದಿಯನ್ನು ಓದಿದ್ದಳು.

ಸಭೆಯಲ್ಲಿ ನನ್ನ ವಿಜಯವನ್ನು ಏನೆಂದು ವರ್ಣಿಸಲಿ! ನಲವತ್ತು ನಿಮಿಷ ಮಾತನಾಡಿದೆ. ಮೂರೂ ಪಂಚಾಂಗಗಳನ್ನು ಉದ್ಧರಿಸಿದೆ. ಸಭಾಂಗಣವೇ ಎದ್ದು ನಿಂತು ಚಪ್ಪಾಳೆ ತಟ್ಟಿತು. ಇಂದು ಬ್ಯಾಂಕಿನ ಗೋಡೆಯ ಮೇಲೆ ಏಳು ಹೆಸರುಗಳಿವೆ. ಪದ್ಮಾ ಏಳನೆಯದನ್ನು ಸೆರಗಿನಿಂದ ಒರೆಸಿ, ಎರಡು ಸಲ ಓದಿ, "ಚೆನ್ನಾಗಿ ಕೆತ್ತಿದ್ದಾರೆ" ಎಂದಳು.

ಈ ಲೇಖನಕ್ಕಾಗಿ ಸಭೆಯ ನಡಾವಳಿಯ ಪ್ರತಿಯನ್ನು ತರಿಸಿದೆ. ಅದರಲ್ಲಿ ಹೀಗಿದೆ: "ಹನ್ನೆರಡೂ ಹತ್ತು: ಶ್ರೀ ರಾಯರ ಭಾಷಣ ಆರಂಭ. ಹನ್ನೆರಡೂ ಹದಿನೈದು: ಸದಸ್ಯರು ಚಹಾಕ್ಕೆ ತೆರಳಿದರು. ಹನ್ನೆರಡೂ ಐವತ್ತು: ಸದಸ್ಯರು ಮರಳಿದರು, ಭಾಷಣ ಮುಗಿಯಿತು. ಹನ್ನೆರಡೂ ಐವತ್ತೊಂದು: ಶ್ರೀಮತಿ ಪದ್ಮಾ ಹಾಜರಿ ಹಾಳೆ ತೋರಿಸಿದರು. ಠರಾವು ಸರ್ವಾನುಮತ. ಎದ್ದು ನಿಂತು ಚಪ್ಪಾಳೆ."

ನೆನಪಿಗೂ ದಾಖಲೆಗೂ ವಿರೋಧ ಬಂದಲ್ಲಿ ದಾಖಲೆಯನ್ನೇ ನಂಬತಕ್ಕದ್ದೆಂದು ನನ್ನ ವಿದ್ಯಾರ್ಥಿಗಳಿಗೆ ಜೀವಮಾನವಿಡೀ ಬೋಧಿಸಿದ್ದೇನೆ. ಆದರೂ ಒಮ್ಮೆ ಪಾಟೀಲರೊಡನೆ ತಾಳೆ ನೋಡಿದೆ.

ಚಹಾ ಚೆನ್ನಾಗಿತ್ತಂತೆ!