ಉಣುಗೋಲು ಮತ್ತು ಹನ್ನೊಂದು ಕರ್ತವ್ಯಗಳು

ಪಾಠ ಹೇಳುವವರಿಗೆ ಒಂದು ದೊಡ್ಡ ಅನುಕೂಲವಿದೆ. ತಾವು ಹೇಳಿದ್ದನ್ನು ತಾವೇ ಕೇಳಿಸಿಕೊಳ್ಳಬೇಕಾಗಿಲ್ಲ. ಕೊಪ್ಪದ ಹೈಸ್ಕೂಲೊಂದರಲ್ಲಿ ಇಪ್ಪತ್ತಾರು ವರ್ಷಗಳಿಂದ ಸಮಾಜ ವಿಜ್ಞಾನ ಕಲಿಸುತ್ತಿರುವ ನಾನು ಈ ಅನುಕೂಲವನ್ನು ಧಾರಾಳವಾಗಿ ಬಳಸಿಕೊಂಡಿದ್ದೇನೆ. ಮೂಲಭೂತ ಹಕ್ಕು ಆರು, ಕರ್ತವ್ಯ ಹನ್ನೊಂದು. ನಿದ್ದೆಯಿಂದ ಎಬ್ಬಿಸಿ ಕೇಳಿದರೂ ತಪ್ಪಿಲ್ಲದೆ ಒಪ್ಪಿಸುತ್ತೇನೆ. ಹಕ್ಕಿಗಿಂತ ಕರ್ತವ್ಯವೇ ಜಾಸ್ತಿ ಯಾಕೆ ಸಾರ್ ಎಂದು ಒಬ್ಬಳು ಹುಡುಗಿ ಕೇಳಿದ್ದಳು. ಮದುವೆಯಾದ ಮೇಲೆ ಗೊತ್ತಾಗುತ್ತೆ ಕೂತ್ಕೋ ಅಂದಿದ್ದೆ. ಒಮ್ಮೆ ಮಕ್ಕಳನ್ನು ಸಿರಿಮನೆ ಜಲಪಾತಕ್ಕೆ ಕರೆದೊಯ್ದು, ನದಿಗಳನ್ನು ರಕ್ಷಿಸುವುದು ನಮ್ಮ ಕರ್ತವ್ಯ ಎಂದು ಅರ್ಧ ಗಂಟೆ ಕೊರೆದೆ. ಕೊರೆದು ಮುಗಿಸಿ ನೀರಿಗಿಳಿದಾಗ ನನ್ನ ಎಡಗಾಲಿನ ಚಪ್ಪಲಿ ಹೊಳೆ ಪಾಲಾಯಿತು. ಅವತ್ತು ಹೊಳೆಗೆ ಕಸ ಹಾಕಿದವನು ನಾನೊಬ್ಬನೇ.

ಇರಲಿ, ಈಗ ಹೇಳಹೊರಟಿದ್ದು ಉಣುಗೋಲಿನ ವಿಷಯ. ನಮ್ಮ ಮನೆ ಹಿರೇಕೊಡಿಗೆಯಲ್ಲಿದೆ. ಅಂಗಳದ ಬೇಲಿಯಲ್ಲಿ ಗೇಟಿನ ಬದಲು ಉಣುಗೋಲಿದೆ: ಎರಡು ತೂತಿನ ಕಂಬ, ಅವುಗಳಲ್ಲಿ ಅಡ್ಡಕ್ಕೆ ತೂರಿಸಿದ ಮೂರು ಬಿದಿರಿನ ಗಳ. ನಮ್ಮ ಅಂಗಳದಲ್ಲಿ ಹಾದು ಡಾಂಬರು ರಸ್ತೆಗೆ ಹೋಗುವ ಮಾಮೂಲು ದಾರಿ ಅಜ್ಜನ ಕಾಲದಿಂದಲೂ ಇದೆ. ಯಾರು ಬೇಕಾದರೂ ಗಳ ಸರಿಸಿ ದಾಟಬಹುದು. ದಾಟಿದವರು ತಿರುಗಿ ನಿಂತು ಗಳ ಹಾಕಬೇಕು. ಇದನ್ನು ಯಾರೂ ಯಾರಿಗೂ ಕಲಿಸಿದ್ದಿಲ್ಲ, ಪರೀಕ್ಷೆಗೂ ಬರುವುದಿಲ್ಲ.

ಈ ದಾರಿಯಲ್ಲಿ ದಿನಾ ಓಡಾಡುವವರು ಪಕ್ಕದ ಮನೆಯ ಗಿರಿಜಕ್ಕ. ಅರವತ್ತು ದಾಟಿದವರು, ಮಂಡಿ ನೋವು ಬೇರೆ. ಬೆಳಿಗ್ಗೆ ಹಾಲಿನ ಕ್ಯಾನು ಹಿಡಿದು ಡೇರಿಗೆ ಹೋಗಬೇಕು. ನಮ್ಮ ಅಂಗಳದಲ್ಲಿ ಹೋದರೆ ಐದು ನಿಮಿಷ, ಸುತ್ತು ಹಾಕಿದರೆ ಅರ್ಧ ಗಂಟೆ. ಅಷ್ಟರಲ್ಲಿ ಹಾಲಿನ ವ್ಯಾನು ಹೊರಟುಹೋಗಿರುತ್ತದೆ.

ನವೆಂಬರಿನ ಒಂದು ಭಾನುವಾರ ಅವರ ದನ ಗೌರಿ ನಮ್ಮ ಅಂಗಳಕ್ಕೆ ನುಗ್ಗಿ, ಬೇಲಿಯಂಚಿನಲ್ಲಿ ಮಕ್ಕಳ ಹಾಗೆ ನನ್ನ ಹೆಂಡತಿ ಸಾಕಿದ್ದ ಹರಿವೆ ಸೊಪ್ಪಿನ ಮಡಿಯನ್ನು ಬುಡಸಮೇತ ನುಣ್ಣಗೆ ಮಾಡಿತ್ತು. ಉಣುಗೋಲಿನ ಮೂರೂ ಗಳ ನೆಲದಲ್ಲಿದ್ದವು. ನನಗೆ ಎಲ್ಲಿತ್ತೋ ಸಿಟ್ಟು! ಗಿರಿಜಕ್ಕನನ್ನು ಕರೆದು, ಇದೇನಾ ನೀವು ಓಡಾಡುವ ರೀತಿ ಎಂದು ದಬಾಯಿಸಿದೆ.

"ಗಳ ಹಾಕ್ದೆ ಹೋಗೋಳಲ್ಲ ನಾನು ಮಾರಾಯ್ರೆ" ಅಂದರು ಅವರು.

ಸಾಕ್ಷಿ ಏನಿದೆ ಎಂದು ಕೇಳಿದೆ. ಅವರು ಗೌರಿಯನ್ನು ಅಟ್ಟಿಕೊಂಡು ಮನೆಗೆ ಹೋದರು. ಅದೇ ಸಂಜೆ ಕೊಪ್ಪಕ್ಕೆ ಹೋಗಿ ಸರಪಳಿ, ಬೀಗ ತಂದು ಮೂರೂ ಗಳಗಳನ್ನು ಕಂಬಕ್ಕೆ ಬಿಗಿದೆ. ಮುಕ್ತವಾಗಿ ಓಡಾಡುವ ಸ್ವಾತಂತ್ರ್ಯ ಅಂತ ಮಕ್ಕಳಿಗೆ ಹೇಳಿಕೊಡುತ್ತೀರಲ್ಲ, ಅದು ಗಿರಿಜಕ್ಕನಿಗೆ ಇಲ್ಲವಾ ಎಂದು ಹೆಂಡತಿ ಕೇಳಿದಳು. ಹರಿವೆ ಹೋಗಿದ್ದು ಅವಳದು, ಹಾರಾಡುತ್ತಿದ್ದವನು ನಾನು. ಎಲ್ಲ ಸ್ವಾತಂತ್ರ್ಯಕ್ಕೂ ಸೂಕ್ತ ನಿರ್ಬಂಧಗಳಿರುತ್ತವೆ ಎಂದು ಬೀಗದ ಕೈಯನ್ನು ಜನಿವಾರದ ಹಾಗೆ ಕೊರಳಿಗೆ ಹಾಕಿಕೊಂಡೆ. ಮೂರು ದಿನ ಗಿರಿಜಕ್ಕ ಕುಂಟುತ್ತಾ ಸುತ್ತುದಾರಿಯಲ್ಲಿ ಹೋದರು. ಮೂರು ದಿನವೂ ವ್ಯಾನು ಸಿಗದೆ ಹಾಲು ವಾಪಸು ತಂದರು. ನೋಡಿ ಪಿಚ್ಚೆನ್ನಿಸಿತು, ನಿಜ. ಆದರೆ ತತ್ತ್ವ ಅಂತ ಒಂದಿರುತ್ತದಲ್ಲ, ಬಿಗಿಯಾಗಿ ಕೂತೆ.

ನಾಲ್ಕನೆಯ ದಿನ ಸಂವಿಧಾನ ದಿನ. ಕರ್ತವ್ಯಗಳ ಬಗ್ಗೆ ಎರಡು ನಿಮಿಷದ ವಿಡಿಯೋ ಮಾಡಿಕೊಡಿ ಎಂದು ಹೆಡ್ ಮೇಷ್ಟ್ರು ಕೇಳಿದ್ದರು. ಆ ಭಾನುವಾರ ಬೆಳಿಗ್ಗೆಯೇ ಫೋನನ್ನು ಕಟ್ಟಿಗೆ ರಾಶಿಯ ಮೇಲಿಟ್ಟು ಮಾಡಿ ಕಳಿಸಿದ್ದೆ. ಕಳಿಸುವ ಮೊದಲು ನಾಲ್ಕು ಸಲ ನೋಡಿದ್ದೆ. ನಾಲ್ಕು ಸಲವೂ ನನ್ನ ಮುಖವನ್ನು ಮಾತ್ರ. ಶಾಲೆಯ ದೊಡ್ಡ ಟೀವಿಯಲ್ಲಿ ಅದನ್ನು ಹಾಕಿದರು. ಮೊದಲ ದೃಶ್ಯದಲ್ಲಿ ನಾನು ದೊಡ್ಡ ಮನುಷ್ಯರ ಗತ್ತಿನಲ್ಲಿ ದೂರದಿಂದ ನಡೆದು ಬರುತ್ತೇನೆ, ಉಣುಗೋಲಿನ ಗಳ ಒಂದೊಂದಾಗಿ ಕೆಳಗೆ ಹಾಕುತ್ತೇನೆ, ದಾಟುತ್ತೇನೆ, ಕ್ಯಾಮರಾಕ್ಕೆ ಕೈ ಮುಗಿಯುತ್ತೇನೆ. ಗಳಗಳು ಬಿದ್ದಲ್ಲೇ ಬಿದ್ದಿವೆ. "ಅರಣ್ಯ, ಕೆರೆ, ನದಿಗಳನ್ನು" ಎನ್ನುವ ಹೊತ್ತಿಗೆ ನನ್ನ ಎಡಭುಜದ ಹಿಂದೆ ಗೌರಿಯ ಕೊಂಬು ಕಾಣಿಸಿತು. "ಜೀವಿಗಳ ಬಗ್ಗೆ ದಯೆ" ಎನ್ನುವಾಗ ಅದು ಹರಿವೆಗೆ ಬಾಯಿ ಹಾಕಿ ಆಗಿತ್ತು. ಮುನ್ನೂರು ಮಕ್ಕಳು ಬಿದ್ದು ಬಿದ್ದು ನಕ್ಕರು. ಹೆಡ್ ಮೇಷ್ಟ್ರು ಕರವಸ್ತ್ರದಲ್ಲಿ ಬಾಯಿ ಮುಚ್ಚಿಕೊಂಡರು. ನನಗೆ ಭೂಮಿ ಬಾಯಿ ಬಿಟ್ಟರೆ ಸಾಕಾಗಿತ್ತು.

ಮನೆಗೆ ಬಂದವನೇ ಬೀಗ ತೆಗೆದು ಗಿರಿಜಕ್ಕನ ಮನೆಗೆ ಹೋದೆ. ತಪ್ಪಾಯಿತು ಅಂದೆ. ಬಾಯಿಂದ ಹೊರಡುವುದು ಕಷ್ಟವಾಯಿತು, ಆದರೂ ಅಂದೆ. ವಿಡಿಯೋ ಅಷ್ಟು ಹೊತ್ತಿಗೆ ಒಂಬತ್ತನೇ ಕ್ಲಾಸಿನ ಅವರ ಮೊಮ್ಮಗಳ ಕೈಯಿಂದ ಇಡೀ ಊರು ಸುತ್ತಿ ಬಂದಿತ್ತು.

"ಭಾಷಣ ಚೆನ್ನಾಗಿತ್ತು ಮೇಷ್ಟ್ರೆ. ನಮ್ಮ ಗೌರಿನೂ ಪೂರ್ತಿ ಕೇಳ್ಕಂಡೇ ಬಂದಿದ್ದಾಳೆ" ಎಂದು ಕಾಫಿ ಕೊಟ್ಟರು. ಸಕ್ಕರೆ ಕಮ್ಮಿಯಿತ್ತು. ಕೇಳುವ ಧೈರ್ಯ ಬರಲಿಲ್ಲ.

ಮಾರನೆಯ ಬೆಳಿಗ್ಗೆ ನಾನು ಬಸ್ಸಿಗೆ ಹೊರಟಾಗ ಗಿರಿಜಕ್ಕನೂ ಕ್ಯಾನು ಹಿಡಿದು ಬಂದರು. ಗಳ ಸರಿಸಿದರು, ಆದರೆ ದಾಟದೆ ಪಕ್ಕಕ್ಕೆ ನಿಂತರು. ಮೇಷ್ಟ್ರಿಗೆ ಮರ್ಯಾದೆ ಕೊಡುತ್ತಿದ್ದಾರೆ ಅಂದುಕೊಂಡು ನಾನೂ ದೊಡ್ಡತನ ತೋರಿಸಿ, ನೀವು ಮೊದಲು ಹೋಗಿ, ವ್ಯಾನು ಬರುತ್ತೆ ಅಂದೆ.

"ಬ್ಯಾಡ ಮೇಷ್ಟ್ರೆ, ನೀವೇ ಮುಂದೆ ದಾಟಿ. ಹಿಂದಿಂದ ಗಳ ನಾನು ಹಾಕ್ಕಂಡು ಬರ್ತೀನಿ" ಅಂದರು.

ತಲೆ ತಗ್ಗಿಸಿ ದಾಟಿದೆ. ಹಿಂದೆ ಮೂರು ಗಳಗಳೂ ಒಂದೊಂದಾಗಿ ತೂತಿಗೆ ಕೂತ ಸದ್ದು ಕೇಳಿಸಿತು. ಅವತ್ತು ಮೊದಲ ಪೀರಿಯಡ್ಡು ಒಂಬತ್ತನೇ ಕ್ಲಾಸಿಗೆ ಕರ್ತವ್ಯಗಳ ಪಾಠವಿತ್ತು. ನಮ್ಮ ಗಣಿತದ ಮೇಷ್ಟ್ರು ವರ್ಷವಿಡೀ ನನ್ನ ಪೀರಿಯಡ್ಡಿಗೆ ಗಂಟು ಬೀಳುವ ಆಸಾಮಿ. ಅವತ್ತು ಅವರು ಕೇಳುವ ಮೊದಲೇ ಕೊಟ್ಟುಬಿಟ್ಟೆ.