ಅತ್ತೆಯವರ ಮೆಚ್ಚುಗೆಗಾಗಿ ತಂದ ಇಂಗ್ಲಿಷ್ ಪಿಂಗಾಣಿ

ತಿಳಿದದ್ದನ್ನು ಹೇಳದೆ ಬಚ್ಚಿಟ್ಟುಕೊಳ್ಳುವವರು ನನ್ನ ಪ್ರಕಾರ ಜಿಪುಣರು. ನಾನು ಆ ಪೈಕಿಯವನಲ್ಲ. ಟ್ರಾಮಿನಲ್ಲಿ ಪಕ್ಕದವರು ಗಡಿಯಾರ ನೋಡಿಕೊಂಡರೆ ಸಾಕು, ಗಡಿಯಾರ ಹುಟ್ಟಿದ ಕಥೆ ಶುರುಮಾಡುತ್ತೇನೆ. ನನ್ನ ದೆಸೆಯಿಂದ ಒಂದು ಸ್ಟಾಪ್ ಮೊದಲೇ ಇಳಿದು, ನಡೆದು, ಆರೋಗ್ಯ ಸುಧಾರಿಸಿಕೊಂಡವರು ಜರ್ಮನಿಯ ಈ ಡಾರ್ಮ್‌ಸ್ಟಾಟ್‌ನಲ್ಲಿ ಹಲವರಿದ್ದಾರೆ. ನನ್ನ ವಿದ್ವತ್ತನ್ನು ಒಪ್ಪದೆ ಉಳಿದವರು ಒಬ್ಬರೇ, ಮೈಸೂರಿನ ನಮ್ಮ ಅತ್ತೆ. 'ನಮ್ಮ ಅಳಿಯಂದಿರಿಗೆ ಗೊತ್ತು' ಎಂಬ ಒಂದು ಮಾತು ಅವರ ಬಾಯಿಂದ ಬರಲೆಂದು ಮದುವೆಯಾದಾಗಿನಿಂದ ಕಾದಿದ್ದೆ.

ಈ ಬೇಸಿಗೆಯಲ್ಲಿ ಅವರು ನಮ್ಮಲ್ಲಿಗೆ ಹೊರಟ ವಾರವೇ ಫ್ಲೋಮಾರ್ಕ್ಟ್‌ನಲ್ಲಿ, ಅಂದರೆ ಇಲ್ಲಿನ ಹಳೇ ಸಾಮಾನಿನ ಸಂತೆಯಲ್ಲಿ, ಒಂದು ಇಂಗ್ಲಿಷ್ ಡಿನ್ನರ್ ಸೆಟ್ ಕಣ್ಣಿಗೆ ಬಿತ್ತು. ಅಂಚಿಗೆ ನೀಲಿ ಬಳ್ಳಿ, ಸೂಪಿಗೆಂದು ಮುಚ್ಚಳದ ದೊಡ್ಡ ಪಾತ್ರೆ, ಸಾಸಿಗೆಂದು ದೋಣಿಯಾಕಾರದ ಪುಟ್ಟ ಬಟ್ಟಲು. ಜರ್ಮನಿಯಲ್ಲಿದ್ದುಕೊಂಡು ಇಂಗ್ಲಿಷ್ ಪಿಂಗಾಣಿ ಕೊಳ್ಳುವವನೂ ಒಬ್ಬನಿದ್ದಾನಲ್ಲ ಎಂಬಂತೆ ಮಾರುವ ಅಜ್ಜಿ ನನ್ನ ಮುಖ ನೋಡಿದರು. ನಾನು ಹೊತ್ತು ತಂದೇಬಿಟ್ಟೆ.

"ರೀ, ಅಮ್ಮ ಸೂಟ್‌ಕೇಸಲ್ಲಿ ಅವರ ಸ್ಟೀಲ್ ತಟ್ಟೆ ತರ್ತಾರೆ. ಇದೆಲ್ಲ ಯಾಕೆ ಬೇಕಿತ್ತು?" ಎಂದಳು ಹೆಂಡತಿ ಸುಮಾ.

ಅತ್ತೆ ಬಂದರು, ತಟ್ಟೆಯೂ ಬಂತು. ಆದರೂ ಮೊದಲ ಭಾನುವಾರ ಹಟ ಹಿಡಿದು ಸೆಟ್ ಜೋಡಿಸಿದೆ. ಸೂಪಿನ ಪಾತ್ರೆಯಲ್ಲಿ ಸಾರು, ಸಾಸಿನ ದೋಣಿಯಲ್ಲಿ ತುಪ್ಪ. ಅತ್ತೆ ತಟ್ಟೆಯ ಅಂಚು ಸವರಿ, "ಎಷ್ಟು ಬೆಳ್ಳಗಿದೆ! ಹೇಗ್ ಮಾಡ್ತಾರಂತೆ ಅಳಿಯಂದಿರೇ?" ಎಂದರು. ಅವರು ನನ್ನನ್ನು ಕೇಳಿದ ಮೊಟ್ಟಮೊದಲ ಪ್ರಶ್ನೆ! ಚೀನಾದಿಂದ ಶುರುಮಾಡಿದೆ. ಚೀನೀಯರು ಶತಮಾನಗಟ್ಟಲೆ ಗುಟ್ಟು ಬಿಟ್ಟುಕೊಡದಿದ್ದದ್ದು, ಚಿನ್ನ ಮಾಡಲು ಹೊರಟ ಜರ್ಮನ್ ಒಬ್ಬ ಪಿಂಗಾಣಿ ಮಾಡಿ ಕೂತದ್ದು, ಇಂಗ್ಲಿಷರು ಹೊಟ್ಟೆಕಿಚ್ಚಿಗೆ ಏನೇನೋ ಕಲಸಿ ನೋಡಿದ್ದು. ಖಾಲಿ ತಟ್ಟೆಯೊಂದನ್ನು ಕಿಟಕಿಯ ಬೆಳಕಿಗೆ ಹಿಡಿದು ಹಿಂದೆ ಬೆರಳಾಡಿಸಿದೆ. ನೆರಳು ಈಚೆ ಕಂಡಿತು. "ಅಬ್ಬಾ!" ಎಂದರು ಅತ್ತೆ. ಸುಮಾ ಮೇಜಿನಡಿ ನನ್ನ ಕಾಲು ತುಳಿದಳು. ಹುರಿದುಂಬಿಸುತ್ತಿದ್ದಾಳೆ ಎಂದುಕೊಂಡೆ.

"ಗುಟ್ಟೇನು ಗೊತ್ತಾ ಅತ್ತೆ? ದನದ ಮೂಳೆ ಸುಟ್ಟ ಬೂದಿ! ಹೆಚ್ಚುಕಮ್ಮಿ ಅರ್ಧ ಅದೇ!"

ಅತ್ತೆ ಎದ್ದು ಹೋಗಿ ಸ್ನಾನ ಮಾಡಿ ಬಂದು ಹೊಸದಾಗಿ ಅನ್ನಕ್ಕಿಟ್ಟರು. ಸಾರು ಸಿಂಕಿಗೆ, ಸೆಟ್ಟು ನೆಲಮಾಳಿಗೆಗೆ. "ಬಾಯಿ ಬಿಟ್ರೆ ಬಣ್ಣಗೇಡು ಅಂತ ನಿಮ್ಮನ್ನ ನೋಡೇ ಹೇಳಿರ್ಬೇಕು" ಎಂದಳು ಸುಮಾ. ನಾನು ಹೇಳಿದ್ದರಲ್ಲಿ ಸುಳ್ಳೇನಿತ್ತು? ಈಗಲೂ ನನ್ನ ವಾದ ಅದೇ. ಆದರೆ ಕಾದಿದ್ದ ಆ ಒಂದು ಮಾತು ಇನ್ನು ಈ ಜನ್ಮದಲ್ಲಿ ಸಿಕ್ಕುವುದಿಲ್ಲವಲ್ಲ ಎಂದು ನಿಜಕ್ಕೂ ಸಂಕಟವಾಯಿತು.

ಸಿಕ್ಕಿತು. ಮರುವಾರ, ಇಲ್ಲಿನ ಕನ್ನಡಿಗರಲ್ಲಿ ಹಿರಿಯರಾದ ಶ್ರೀಪತಿಯವರ ಮನೆಯ ಸತ್ಯನಾರಾಯಣ ಪೂಜೆಯಲ್ಲಿ. ಮನೆ ತುಂಬ ಜನ. ಶ್ರೀಪತಿಯವರ ಹೆಂಡತಿ ಅಚ್ಚ ಬಿಳಿಯ ಬಟ್ಟಲುಗಳಲ್ಲಿ ಸಜ್ಜಿಗೆ ಪ್ರಸಾದ ಹಂಚುತ್ತ, "ಲಂಡನ್ನಿಂದ ತಂದಿದ್ದು, ಪೂಜೆಗೇ ಅಂತ ಎತ್ತಿಟ್ಟಿದ್ದೆ" ಎಂದರು. ಅತ್ತೆ ಮೆಲ್ಲಗೆ ಖಾಲಿ ಬಟ್ಟಲೊಂದನ್ನು ಎತ್ತಿಕೊಂಡು ಕಿಟಕಿಯ ಬಳಿ ಹೋದರು. ಬೆಳಕಿಗೆ ಹಿಡಿದರು. ಹಿಂದೆ ಬೆರಳಾಡಿಸಿದರು.

"ಮೂಳೆ" ಎಂದರು.

ಪ್ರಸಾದ ಬಾಯಿಗಿಟ್ಟವರು ನುಂಗಲಾರದೆ ಕೂತರು. "ಯಾರು ಹೇಳಿದ್ದು ಹಾಗಂತ?" ಎಂದು ಮನೆಯೊಡತಿ ಕೆಂಪಾದರು.

ಅತ್ತೆ ಹೆಮ್ಮೆಯಿಂದ ನನ್ನತ್ತ ಕೈ ತೋರಿಸಿದರು. "ನಮ್ಮ ಅಳಿಯಂದಿರಿಗೆ ಎಲ್ಲಾ ಗೊತ್ತು. ಹೇಳಿ ಅಳಿಯಂದಿರೇ, ಚೀನಾದಿಂದ ಹೇಳಿ."

ಸುಮಾ ಕಾಲು ತುಳಿಯುವಷ್ಟು ಹತ್ತಿರದಲ್ಲಿರಲಿಲ್ಲ. ಅಷ್ಟೊಂದು ಜನ ಮಾತಿಲ್ಲದೆ ನನ್ನನ್ನೇ ನೋಡುತ್ತಿದ್ದದ್ದು ಜೀವಮಾನದಲ್ಲಿ ಅದೇ ಮೊದಲು. ನಾನು ಗಂಟಲು ಸರಿಮಾಡಿಕೊಂಡೆ.